ಮೈಸೂರು ಸೀಮೆಯ ಅಳಿಯ, ಬೆಳಗಾವಿಯ ಓಟಗಾರ

ಶಿವಮೊಗ್ಗದಿಂದ ಸವಳಂಗದ ರಸ್ತೆ ಹಿಡಿದರೆ ನವುಲೆಯಲ್ಲಿ ರಣಜಿ ಪಂದ್ಯಗಳು ನಡೆಯುವ ಮೈದಾನ ಸಿಗುತ್ತದೆ. ಇನ್ನೊಂದು ದಿಕ್ಕಿಗೆ ಹೋದರೆ ಭದ್ರಾವತಿ. ಗುಂಡಪ್ಪ ವಿಶ್ವನಾಥ್ ಹುಟ್ಟಿದ ಊರು, ಕಬ್ಬಿಣ ಕಾರ್ಖಾನೆಯ ಊರು. ಆ ಕಾರ್ಖಾನೆಗಾಗಿ ವಿಶ್ವೇಶ್ವರಯ್ಯನವರು ಸಲಹೆ ಪಡೆದದ್ದು ಅಮೆರಿಕದ ಎಂಜಿನಿಯರ್ ಸಿ.ಪಿ. ಪೆರಿನ್ ಅವರಿಂದ. ಪೆರಿನ್ ಅದಕ್ಕೂ ಮೊದಲು ದುಡಿದದ್ದು ಟಾಟಾಗಳ ಉಕ್ಕಿನ ಕಾರ್ಖಾನೆಗೆ. ಈ ಎಳೆ ಹಿಡಿದು ಹೊರಟರೆ ಎದುರಾಗುವ ಮನುಷ್ಯನೊಬ್ಬರಿದ್ದಾರೆ ನೋಡಿ, ಅಬ್ಬಾ! ಕ್ರಿಕೆಟ್, ಉಕ್ಕು ಎರಡೂ ಅವರದೇ.

ಹೆಸರು ದೊರಾಬ್ಜಿ ಟಾಟಾ, ಜಮ್‌ಶೆಟ್‌ಜಿಯವರ ಹಿರಿಯ ಮಗ. ಜಗತ್ತಿನ ಮೊದಲ ಟೆಸ್ಟ್ ಪಂದ್ಯ ಮೆಲ್ಬರ್ನ್‌ನಲ್ಲಿ ನಡೆದ 1877ರಲ್ಲೇ ಈ ಪಾರ್ಸಿ ಹುಡುಗ ಕೇಂಬ್ರಿಜ್‌ನ ಕೀಸ್ ಕಾಲೇಜು ಸೇರಿದ. ಕ್ರಿಕೆಟ್ಟಿನಲ್ಲೂ ಫುಟ್‌ಬಾಲಿನಲ್ಲೂ ಕಾಲೇಜಿನ ಗೌರವ ಗಳಿಸಿದ. ಟೆನಿಸ್ ಆಡಿದ, ದೋಣಿಗೆ ಹುಟ್ಟು ಹಾಕಿದ, ಓಟದಲ್ಲಿ ಗೆದ್ದ, ಕುದುರೆಯನ್ನೂ ಬಿಡಲಿಲ್ಲ! ಓದಿದ್ದು ಯಾವಾಗಲೋ ಎಂದು ಕೇಳಬೇಕೆನಿಸುತ್ತದೆ. ಊರಿಗೆ ಮರಳಿ ಬಾಂಬೆ ವಿಶ್ವವಿದ್ಯಾಲಯದ ಪದವಿ ಪಡೆದು, ‘ಬಾಂಬೆ ಗೆಜೆಟ್’ ಪತ್ರಿಕೆಯಲ್ಲಿ ಕೆಲಸ ಮಾಡಿ, 1884ರಲ್ಲಿ ಅಪ್ಪನ ಹತ್ತಿ ವ್ಯವಹಾರಕ್ಕೆ ಕೈಹಾಕಿದರು.

ಇನ್ನು ನಮ್ಮ ಕಡೆಯ ನಂಟು. ಮೈಸೂರು ಸಂಸ್ಥಾನದ ವಿದ್ಯಾ ಇಲಾಖೆಯ ಮುಖ್ಯಸ್ಥರಾಗಿದ್ದ ಹೊರ್ಮುಸ್‌ಜಿ ಭಾಭಾ ಅವರ ಮಗಳು ಮೆಹರ್‌ಬಾಯಿ, ಬೆಂಗಳೂರಿನ ಬಿಷಪ್ ಕಾಟನ್ ಶಾಲೆಯಲ್ಲಿ ಕಲಿತವರು. ಅವರನ್ನು ಮೆಚ್ಚಿದ್ದು ಮೊದಲು ಮಾವ! ಜಮ್‌ಶೆಟ್‌ಜಿ ಮೈಸೂರು ಸೀಮೆಗೆ ಬಂದವರು ಹುಡುಗಿಯನ್ನು ಕಂಡು, ಆಮೇಲೆ ಮಗನನ್ನು ಕಳಿಸಿದರು. ಮೂವತ್ತೆಂಟರ ವರ ನಮ್ಮ ಸಂಸ್ಥಾನದ ಅಳಿಯನಾದದ್ದು ಹೀಗೆ. ಸೀರೆಯುಟ್ಟೇ ಟೆನಿಸ್ ಆಡಿ ಬಹುಮಾನಗಳನ್ನು ಬಾಚಿದ ಮೆಹರ್‌ಬಾಯಿಯವರ ಸಹೋದರನ ಮಗನೇ ವಿಜ್ಞಾನಿ ಹೋಮಿ ಭಾಭಾ.

ಉಕ್ಕಿನ ಕಥೆಯಂತೂ ಪತ್ತೇದಾರಿ ಕಾದಂಬರಿಯೇ. ನಾಗಪುರದಲ್ಲಿ ಅಧಿಕಾರಿಯೊಬ್ಬರಿಗಾಗಿ ಕಾಯುತ್ತಿದ್ದ ದೊರಾಬ್ಜಿ, ಹೊತ್ತು ಕಳೆಯಲು ಎದುರಿನ ವಸ್ತುಸಂಗ್ರಹಾಲಯಕ್ಕೆ ನುಗ್ಗಿದರು. ಅಲ್ಲೊಂದು ಭೂವಿಜ್ಞಾನದ ನಕ್ಷೆ, ದುರ್ಗ್ ಜಿಲ್ಲೆಯ ಮೇಲೆ ಕಬ್ಬಿಣದ ಗುರುತು! ಗುರುತಿಸಿದವರು ಭೂವಿಜ್ಞಾನಿ ಪಿ.ಎನ್. ಬೋಸ್. ಅದೇ ಬೋಸ್ ಮುಂದೆ ಮಯೂರ್‌ಭಂಜ್‌ನ ಅದಿರಿನ ಸುದ್ದಿಯನ್ನೂ ಕೊಟ್ಟರು. ಕಾರ್ಖಾನೆ ಎದ್ದದ್ದು ಸಾಕ್ಚಿಯಲ್ಲಿ, ಇಂದಿನ ಜಮ್‌ಶೆಡ್‌ಪುರದಲ್ಲಿ. ಅಪ್ಪ 1904ರಲ್ಲೇ ತೀರಿಕೊಂಡಿದ್ದರು. ಅವರ ಇನ್ನೊಂದು ಕನಸಾದ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯೂ 1909ರಲ್ಲಿ ನನಸಾಯಿತು.

ಆದರೆ ನನ್ನನ್ನು ಕುರ್ಚಿಯಿಂದ ಎಬ್ಬಿಸಿದ್ದು ಇದ್ಯಾವುದೂ ಅಲ್ಲ. ಪುಣೆಯ ಡೆಕ್ಕನ್ ಜಿಮ್ಖಾನಾದ ಒಂದು ಓಟ! ಅಧ್ಯಕ್ಷರಾಗಿ ಕುಳಿತಿದ್ದ ದೊರಾಬ್ಜಿ ಕಂಡದ್ದು ಬರಿಗಾಲಲ್ಲಿ ಓಡುತ್ತಿದ್ದ ರೈತಾಪಿ ಹುಡುಗರನ್ನು. ತರಬೇತಿಯಿಲ್ಲ, ಬೂಟಿಲ್ಲ. ಆದರೂ ಅವರ ವೇಗ ಯುರೋಪಿನವರಿಗೆ ಅಷ್ಟೇನೂ ಕಡಿಮೆಯಿರಲಿಲ್ಲ. ಕೇಂಬ್ರಿಜ್‌ನಲ್ಲಿ ಓಡಿ ಗೆದ್ದಿದ್ದ ಕಣ್ಣಿಗೆ ಅದು ಕಾಣದಿರುತ್ತದೆಯೇ? 1920ರ ಆಂಟ್‌ವರ್ಪ್ ಒಲಿಂಪಿಕ್ಸ್‌ಗೆ ಕಳಿಸೋಣ ಎಂದರು. ಬಾಂಬೆ ಗವರ್ನರರ ಬೆಂಬಲ ಗಳಿಸಿ, ತಮ್ಮ ಕೈಯಿಂದ ಹಣ ಹಾಕಿ, ಹಡಗು ಹತ್ತಿಸಿಯೇಬಿಟ್ಟರು. ನಾಲ್ವರು ಓಟಗಾರರು, ಇಬ್ಬರು ಕುಸ್ತಿಪಟುಗಳು.

ಆ ನಾಲ್ವರಲ್ಲಿ ಒಬ್ಬರು ನಮ್ಮ ಬೆಳಗಾವಿಯ ಫಡೆಪ್ಪ ದರೆಪ್ಪ ಚೌಗುಲೆ! ಮ್ಯಾರಥಾನ್ ದೂರ 42.75 ಕಿಲೋಮೀಟರ್. ಫಿನ್ಲೆಂಡಿನ ಹಾನ್ಸ್ ಕೊಲೆಮೈನೆನ್ 2 ಗಂಟೆ 32 ನಿಮಿಷ ಚಿಲ್ಲರೆಯಲ್ಲಿ ಗೆದ್ದರೆ, ಚೌಗುಲೆ 2 ಗಂಟೆ 50 ನಿಮಿಷ ಚಿಲ್ಲರೆಯಲ್ಲಿ ಗುರಿ ಮುಟ್ಟಿ 19ನೆಯವರಾದರು. ದೇಶಕ್ಕೆ ಒಲಿಂಪಿಕ್ ಸಂಸ್ಥೆ ಸರಿಯಾಗಿ ರೂಪುಗೊಳ್ಳುವ ಮೊದಲೇ ಬೆಳಗಾವಿಯವರೊಬ್ಬರು ಜಗತ್ತಿನ ಹತ್ತೊಂಬತ್ತನೆಯ ಮ್ಯಾರಥಾನ್ ಓಟಗಾರ! ಭಾರತೀಯ ಒಲಿಂಪಿಕ್ ಸಂಸ್ಥೆ ನೆಲೆಗೊಂಡದ್ದು 1927ರಲ್ಲಿ, ಮೊದಲ ಅಧ್ಯಕ್ಷರು ದೊರಾಬ್ಜಿಯವರೇ.

ನಡುವೆ 1924ರಲ್ಲಿ ಉಕ್ಕಿನ ಕಾರ್ಖಾನೆ ಮುಳುಗುವ ಹಂತಕ್ಕೆ ಬಂದಾಗ ಅವರು ತಮ್ಮ ಸ್ವಂತ ಆಸ್ತಿಯನ್ನೆಲ್ಲ ಇಂಪೀರಿಯಲ್ ಬ್ಯಾಂಕಿಗೆ ಅಡವಿಟ್ಟರು. ಹೆಂಡತಿಯ ಜುಬಿಲಿ ವಜ್ರವೂ ಹೋಯಿತು. 245 ಕ್ಯಾರಟ್, ತೂಕದಲ್ಲಿ ಈಗಿನ ಕೊಹಿನೂರಿನ ಎರಡು ಪಟ್ಟಿಗೂ ಮಿಗಿಲು! ಕಾರ್ಖಾನೆ ಉಳಿಯಿತು. ಮುಂದೆ ಆ ಕಂಪನಿಯ ನಿರ್ದೇಶಕ ಮಂಡಳಿಯಲ್ಲಿ ದಶಕಗಳ ಕಾಲ ಕೂತವರು ಯಾರು? ನಮ್ಮ ವಿಶ್ವೇಶ್ವರಯ್ಯನವರು!

ಮೆಹರ್‌ಬಾಯಿ 1931ರಲ್ಲಿ ರಕ್ತದ ಕ್ಯಾನ್ಸರಿನಿಂದ ತೀರಿಕೊಂಡರು. ಮರುವರ್ಷ ತಮ್ಮ ಸಂಪತ್ತನ್ನೆಲ್ಲ ಟ್ರಸ್ಟಿಗೆ ಬರೆದುಕೊಟ್ಟ ದೊರಾಬ್ಜಿ, ಇಂಗ್ಲೆಂಡಿನ ಬ್ರುಕ್‌ವುಡ್‌ನಲ್ಲಿದ್ದ ಹೆಂಡತಿಯ ಸಮಾಧಿ ನೋಡಲು ಹೊರಟು, ದಾರಿಯಲ್ಲೇ ಜರ್ಮನಿಯಲ್ಲಿ 1932ರ ಜೂನ್ 3ರಂದು ಕೊನೆಯುಸಿರೆಳೆದರು. ಭಾರತ ತನ್ನ ಮೊತ್ತಮೊದಲ ಟೆಸ್ಟ್ ಆಡಲು ಲಾರ್ಡ್ಸ್ ಮೈದಾನಕ್ಕಿಳಿದದ್ದು ಅದೇ ಜೂನ್ 25ರಂದು!

ಟಾಟಾ ಹೆಸರು ಎಲ್ಲರಿಗೂ ಗೊತ್ತು. ಚೌಗುಲೆಯವರದು? ಬೆಳಗಾವಿ ಕಡೆಯ ಓದುಗರೇ, ಅವರ ಬಗ್ಗೆ ಬಲ್ಲ ಹಿರಿಯರು ನಿಮ್ಮ ಓಣಿಯಲ್ಲಿದ್ದರೆ ಕೂತು ಕೇಳಿ, ಬರೆದಿಡಿ.