ಬೆಟ್ಟದ ಮನೆಯ ಅತಿಥಿ

ಅನ್ಯರ ಬಾಳಿನಿಂದ ಸ್ಫೂರ್ತಿ ಪಡೆಯಬೇಕೆಂದು ನಾವು ಆಗಾಗ ಹೇಳುವುದುಂಟು. ಹಾಗೆ ಹೇಳುವಾಗ ನಮ್ಮ ಕಣ್ಣೆದುರು ನಿಲ್ಲುವವರು ಪ್ರಾಯಶಃ ಚಕ್ರವರ್ತಿಗಳು, ದೇಶನಾಯಕರು. ಮಲೆಯ ಮಗ್ಗುಲಲ್ಲಿ ಅಡಿಕೆಯ ಸಸಿ ನೆಟ್ಟ ವೃದ್ಧನನ್ನು ಯಾರು ನೆನೆಯುತ್ತಾರೆ? ಪುತ್ತೂರಿನಲ್ಲಿ ದಶಕಗಟ್ಟಲೆ ನೆಲೆಸಿದ್ದ ಶಿವರಾಮ ಕಾರಂತರು ಅಂಥವನೊಬ್ಬನನ್ನು ನೆನೆದರು. 1943ರಲ್ಲಿ ಪ್ರಕಟವಾದ ‘ಬೆಟ್ಟದ ಜೀವ’ ಕಾದಂಬರಿ ಅದರ ಫಲ.

ಸುಬ್ರಹ್ಮಣ್ಯದಿಂದ ಪಂಜದ ಕಡೆಗೆ ಹೊರಟ ಪಥಿಕನೊಬ್ಬನು ಕಾಡಿನಲ್ಲಿ ದಾರಿ ತಪ್ಪುತ್ತಾನೆ. (ಸುಬ್ರಹ್ಮಣ್ಯವು ಈಗ ಕಡಬ ತಾಲೂಕಿಗೆ ಸೇರಿದೆ, ಪಂಜವು ಸುಳ್ಯಕ್ಕೆ.) ದೇರಣ್ಣ, ಬಟ್ಯ ಎಂಬ ಇಬ್ಬರು ಹಳ್ಳಿಗರು ಅವನನ್ನು ಗೋಪಾಲಯ್ಯನ ಮನೆಗೆ ಮುಟ್ಟಿಸುತ್ತಾರೆ. ಅಲ್ಲಿ ಅವನು ಮಾಡುವುದು ಬಹಳವೇನೂ ಇಲ್ಲ. ಮೀಯುತ್ತಾನೆ, ಉಣ್ಣುತ್ತಾನೆ, ಮುದುಕನ ಹಿಂದೆ ತೋಟ ಸುತ್ತುತ್ತಾನೆ, ಕಿವಿಗೊಡುತ್ತಾನೆ. ಕಾಡು ಕಡಿದು ತೋಟವೆಬ್ಬಿಸಿದ ಕಥೆ, ಕಾಡುಮೃಗಗಳ ಹಾವಳಿ, ಎಲ್ಲವೂ ನಗೆಮಾತಿನಲ್ಲಿಯೇ ಬರುತ್ತವೆ. ಮನೆ ಬಿಟ್ಟು ಹೋದ ಮಗನ ಸುದ್ದಿಯಿಲ್ಲವೆಂಬುದು ಮಾತ್ರ ತಡವಾಗಿ, ಶಂಕರಮ್ಮನ ಮೌನದಿಂದಲೂ ಮುದುಕನ ಮಾತಿನ ಸಂದಿಯಿಂದಲೂ ತಿಳಿದುಬರುತ್ತದೆ.

ಗೋಪಾಲಯ್ಯನ ಸಾಹಸವೇ ನಮಗೆ ಸ್ಫೂರ್ತಿಯೆಂದು ಹಲವರ ಮತ. ನನಗೆ ಹಾಗೆ ತೋರದು. ಅಡಿಕೆಯ ಸಸಿ ಫಲಕ್ಕೆ ಬರಲು ಹಲವು ವರ್ಷಗಳು ಬೇಕು. ಉಣ್ಣಬೇಕಾದ ಮಗನಿಲ್ಲ, ಆದರೂ ಮುದುಕನ ಮನಸ್ಸು ತೋಟದಿಂದ ಕದಲದು. ಕಾಡನ್ನು ಗೆದ್ದವನೆಂದು ಅವನನ್ನು ದೂರದಿಂದ ಹೊಗಳಬಹುದು. ಅತಿಥಿಯಾಗಿ ಆ ಜಗಲಿಯಲ್ಲಿ ಕುಳಿತವನಿಗೆ ಮಾತ್ರ ಅವನ ದುಃಖದಲ್ಲಿಯೂ ಪಾಲು ಸಿಗುತ್ತದೆ.

ಆದರೆ ಇಷ್ಟಕ್ಕೇ ತೃಪ್ತರಾದರೆ ನಾವು ಮೋಸಹೋದಂತೆ. ಹತ್ತು ವರ್ಷ ಮೊದಲೇ, 1933ರಲ್ಲಿ, ಇದೇ ಲೇಖಕರು ‘ಚೋಮನ ದುಡಿ’ಯನ್ನು ಬರೆದಿದ್ದರು. ಚೋಮನಿಗೂ ಗೋಪಾಲಯ್ಯನಿಗೂ ಮಣ್ಣಿನ ಮೇಲಿನ ಆಸೆ ಒಂದೇ. ಚೋಮನಲ್ಲಿ ಎರಡು ಎತ್ತುಗಳಿದ್ದುವು, ತೋಳಿನಲ್ಲಿ ಬಲವಿತ್ತು. ಅಸ್ಪೃಶ್ಯನಾಗಿ ಹುಟ್ಟಿದವನು ಬೇಸಾಯಗಾರನಾಗಕೂಡದೆಂಬ ಕಟ್ಟಳೆಯಿಂದ ಅವನಿಗೆ ಅಂಗೈಯಗಲದ ಗದ್ದೆಯೂ ದೊರೆಯಲಿಲ್ಲ. ಸಾಲ ತೀರಿಸಲು ಮಕ್ಕಳು ಕಾಫಿಯ ತೋಟಕ್ಕೆ ಹೋದರು. ದುಡಿದವನಿಗೆ ಭೂಮಿ ಒಲಿಯುತ್ತದೆಂದು ಗೋಪಾಲಯ್ಯನನ್ನು ತೋರಿಸಿ ಹೇಳುವವರು ಚೋಮನ ಮುಂದೆ ಏನು ಹೇಳಿಯಾರು?

ತರಗತಿಯಲ್ಲಿ ನಾನು ಈ ಎರಡು ಪುಸ್ತಕಗಳನ್ನು ಜೊತೆಯಾಗಿಯೇ ಓದಿಸುತ್ತೇನೆ. ಮೊದಲನೆಯದನ್ನು ಹುಡುಗರು ಮೆಚ್ಚುತ್ತಾರೆ; ಎರಡನೆಯದು ಮುಗಿದಾಗ ತುಸು ಹೊತ್ತು ಯಾರೂ ಮಾತನಾಡುವುದಿಲ್ಲ. ಒಂದು ಮನೆಯಲ್ಲಿ ದಾರಿ ತಪ್ಪಿ ಬಂದವನಿಗೆ ಎಲೆ ಹಾಕಿ ಬಡಿಸುತ್ತಾರೆ. ಇನ್ನೊಂದು ಗುಡಿಸಲಿನಲ್ಲಿ ಎತ್ತುಗಳನ್ನು ಕಾಡಿಗಟ್ಟಿ, ನೇಗಿಲನ್ನು ಮುರಿದು ಬಂದ ಮುದುಕನೊಬ್ಬನು ಬಾಗಿಲಿಕ್ಕಿಕೊಂಡು ದುಡಿ ಬಾರಿಸುತ್ತಿದ್ದಾನೆ.