ತಿರುಮಲ ಮತ್ತು ತಿಮ್ಮ: ಒಂದು ಚಿಟ್ಟೆಯ ಕುಲನಾಮ, ಒಂದು ವ್ಯಕ್ತಿನಾಮ

ಬೆಂಗಳೂರಿನ ಈಶಾನ್ಯಕ್ಕೆ, ಯಲಹಂಕದಿಂದ ಮುಂದೆ, ಜಾಲ ಹೋಬಳಿಯಲ್ಲಿ ಬಾಗಲೂರು ಇದೆ. ಕೆರೆ, ಏರಿ, ಹೊಲ, ತೋಟಗಳ ಈ ಬಯಲಿನ ಊರು ಈಗ ಮಹಾನಗರದ ಅಂಚಿಗೆ ಸೇರಿದೆ. ಮುಂಗಾರು ಹಿಡಿಯುವುದಕ್ಕೆ ಮೊದಲು, ಏಪ್ರಿಲ್-ಮೇ ತಿಂಗಳುಗಳಲ್ಲಿ, ಬೆಂಗಳೂರು ಪ್ರಸ್ಥಭೂಮಿಯ ಮೇಲೆ ಒಂದು ಬಗೆಯ ಚಿಟ್ಟೆಗಳು ಗುಂಪುಗುಂಪಾಗಿ ಹಾದುಹೋಗುತ್ತವೆ. ಕಪ್ಪು ರೆಕ್ಕೆ, ಅದರ ಮೇಲೆ ತಿಳಿನೀಲಿಯ ಚುಕ್ಕೆ ಮತ್ತು ಗೀರುಗಳು. ಸಾಮಾನ್ಯರು ಇವನ್ನು ನೀಲಿ ಹುಲಿ ಎನ್ನುತ್ತಾರೆ. ಪ್ರಾಣಿಶಾಸ್ತ್ರದಲ್ಲಿ ಇವುಗಳ ಕುಲದ ಹೆಸರು ತಿರುಮಲ. ಇದೇ ಸೀಮೆಯ ಹಳ್ಳಿಗಳಲ್ಲಿ ತಿಮ್ಮಯ್ಯ, ತಿಮ್ಮಕ್ಕ, ತಿಮ್ಮೇಗೌಡ, ತಿಮ್ಮರಾಯಪ್ಪ ಎಂಬ ಹೆಸರುಗಳು ತಲೆಮಾರುಗಳಿಂದ ನಡೆದುಬಂದಿವೆ. ಚಿಟ್ಟೆಯ ಹೆಸರಿಗೂ ಜನರ ಹೆಸರಿಗೂ ಇರುವ ಸಂಬಂಧವೇನೆಂಬುದು ನಾಮವಿಜ್ಞಾನದ ದೃಷ್ಟಿಯಿಂದ ಪರಿಶೀಲಿಸತಕ್ಕ ಸಂಗತಿಯಾಗಿದೆ.

ಕರ್ನಾಟಕದಲ್ಲಿ ಈ ಕುಲದ ಎರಡು ಪ್ರಭೇದಗಳು ಹೇರಳವಾಗಿವೆ. ತಿರುಮಲ ಲಿಮ್ನಿಯಾಸೆ ಎಂಬುದನ್ನು 1775ರಲ್ಲಿ ಕ್ರಾಮರ್ ಅವರೂ, ಅದಕ್ಕಿಂತ ಕಡುಬಣ್ಣದ ತಿರುಮಲ ಸೆಪ್ಟೆಂಟ್ರಿಯೋನಿಸ್ ಎಂಬುದನ್ನು 1874ರಲ್ಲಿ ಬಟ್ಲರ್ ಅವರೂ ಮೊದಲು ವರ್ಣಿಸಿದರು. ಎರಡೂ ಎಕ್ಕದ ಬಳಗಕ್ಕೆ ಸೇರಿದ, ಮುರಿದರೆ ಹಾಲು ಒಸರುವ ಬಳ್ಳಿಗಳ ಮೇಲೆ ಮೊಟ್ಟೆಯಿಡುತ್ತವೆ. ಗಂಡು ಚಿಟ್ಟೆಗಳು ಚೇಳುಕೊಂಡಿ ಗಿಡವನ್ನೂ, ಹಸಿರೆಲೆ ಗೊಬ್ಬರಕ್ಕಾಗಿ ಬೆಳೆಸುವ ಸೆಣಬಿನ ಜಾತಿಯ ಗಿಡಗಳನ್ನೂ ಮುತ್ತಿಕೊಂಡು, ಬಾಡಿದ ಎಲೆ-ಕಾಂಡಗಳ ರಸವನ್ನು ಹೀರುತ್ತವೆ. ಆ ರಸದಲ್ಲಿನ ಕ್ಷಾರೀಯ ವಿಷದ್ರವ್ಯ ಅವುಗಳಿಗೆ ಹಕ್ಕಿಗಳಿಂದ ರಕ್ಷಣೆ. ಹೆಣ್ಣನ್ನು ಒಲಿಸುವ ಗಂಧವೂ ಅದರಿಂದಲೇ ಸಿದ್ಧವಾಗುತ್ತದೆ. ಪಶ್ಚಿಮಘಟ್ಟದ ಜಡಿಮಳೆಗೆ ಮುನ್ನ ಪೂರ್ವದ ಬಯಲಿಗೂ ಪೂರ್ವಘಟ್ಟಕ್ಕೂ ಸಾಗಿ, ಅಕ್ಟೋಬರ್-ನವೆಂಬರ್ ವೇಳೆಗೆ ಇವು ಹಿಂದಿರುಗುತ್ತವೆ. ಬೆಂಗಳೂರು ಈ ಹಾದಿಯಲ್ಲಿದೆ.

ಪೂರ್ವಘಟ್ಟದ ಕಡೆಗೆ ಹಾರುವ ಚಿಟ್ಟೆಗೆ ತಿರುಮಲ ಎಂಬ ಹೆಸರಿರುವುದನ್ನು ಕಂಡು, ತಿರುಪತಿಯ ಬೆಟ್ಟಕ್ಕೆ ಯಾತ್ರೆ ಹೋಗುವುದರಿಂದ ಆ ಹೆಸರು ಬಂತೆಂದು ಹೇಳುವ ಆಸೆ ಯಾರಿಗೂ ಹುಟ್ಟಬಹುದು. ಆದರೆ ಈ ಕುಲನಾಮ ಹುಟ್ಟಿದ್ದು ಬಯಲಿನಲ್ಲಲ್ಲ, ಪುಸ್ತಕದಲ್ಲಿ. ಲಂಡನ್ನಿನ ಈಸ್ಟ್ ಇಂಡಿಯಾ ಕಂಪನಿಯ ವಸ್ತುಸಂಗ್ರಹಾಲಯದಲ್ಲಿ ದುಡಿದ ಫ್ರೆಡರಿಕ್ ಮೂರ್ (1830-1907) ಅವರು ಸಿಂಹಳದ ಚಿಟ್ಟೆ-ಪತಂಗಗಳನ್ನು ಕುರಿತ ತಮ್ಮ ಗ್ರಂಥದಲ್ಲಿ 1880ರಲ್ಲಿ ಇದನ್ನು ಬಳಕೆಗೆ ತಂದರು. ನೂರಾರು ಹೊಸ ಕುಲ-ಪ್ರಭೇದಗಳಿಗೆ ಹೆಸರು ಹುಡುಕಬೇಕಾಗಿದ್ದ ಅವರು ಗ್ರೀಕ್ ಪುರಾಣವನ್ನು ಮಾತ್ರ ನೆಚ್ಚದೆ ಭಾರತದ ಪದಗಳಿಗೂ ಕೈಚಾಚಿದರು. ಸುರೇಂದ್ರ, ಪ್ರತಾಪ ಎಂಬ ಕುಲನಾಮಗಳೂ ಅವರವೇ. ಒಂದು ಚಿಟ್ಟೆಯ ಪೂರ್ಣನಾಮವಂತೂ ಪ್ರತಾಪ ದೇವ. ಯಾವುದೋ ಪಾಳೆಯಗಾರನ ಹೆಸರೆಂದೇ ತೋರುತ್ತದೆ! ಪ್ರಾಣಿನಾಮಕರಣದ ನಿಯಮಗಳ ಪ್ರಕಾರ ಹೆಸರಿಗೆ ಅರ್ಥವಿರಲೇಬೇಕೆಂದಿಲ್ಲ. ಆದರೆ ಒಮ್ಮೆ ಅಚ್ಚಾದ ಅಕ್ಷರವಿನ್ಯಾಸವನ್ನು ಮನಬಂದಂತೆ ಬದಲಿಸುವಂತಿಲ್ಲ. ಆದ್ದರಿಂದ ಚಿಟ್ಟೆಯ ತಿರುಮಲ 1880ರಲ್ಲಿ ಇದ್ದಂತೆಯೇ ಇಂದಿಗೂ ಇದೆ.

ಹೆಸರು ಮನುಷ್ಯರಿಂದ ಚಿಟ್ಟೆಗೆ ದಾಟುವುದು ಹೊಸತಲ್ಲ. ಇಂಗ್ಲಿಷ್ ಕವಿ ಸ್ವಿಫ್ಟ್ ಅವರು ಎಸ್ತರ್ ವಾನಮ್ರಿ ಎಂಬ ತಮ್ಮ ಗೆಳತಿಯ ಹೆಸರಿನ ತುಣುಕುಗಳನ್ನು ಜೋಡಿಸಿ ವನೆಸ್ಸಾ ಎಂಬ ಹೆಸರನ್ನು ಕಟ್ಟಿದರು. 1807ರಲ್ಲಿ ಫ್ಯಾಬ್ರಿಷಿಯಸ್ ಅವರು ಒಂದು ಚಿಟ್ಟೆಕುಲಕ್ಕೆ ವನೆಸ್ಸಾ ಎಂದೇ ಹೆಸರಿಟ್ಟರು.

ಜನರ ನಾಲಗೆಗೆ ಸಿಕ್ಕಿದ ತಿರುಮಲದ ಕಥೆಯೇ ಬೇರೆ. ತಮಿಳಿನಲ್ಲಿ 'ತಿರು' ಎಂದರೆ ಪವಿತ್ರವಾದದ್ದು, 'ಮಲೈ' ಎಂದರೆ ಬೆಟ್ಟ. ಕನ್ನಡದಲ್ಲಿ ಅದು ಮಲೆ. ಮಾಗಡಿಯ ರಂಗನಾಥಸ್ವಾಮಿ ದೇವಾಲಯವಿರುವ ಸ್ಥಳಕ್ಕೆ ತಿರುಮಲೆ ಎಂದೇ ಹೆಸರು. ಬೆಟ್ಟದ ಹೆಸರು ಬೆಟ್ಟದ ಒಡೆಯನ ಹೆಸರಾಗಿ, ಅನಂತರ ಭಕ್ತರ ಹೆಸರಾಯಿತು. ವೇಗದ ಉಚ್ಚಾರಣೆಯಲ್ಲಿ ನಡುವಣ ಉಕಾರ ಬಿದ್ದುಹೋಗಿ ತಿರ್ಮಲ, ರೇಫ ಮುಂದಿನ ವ್ಯಂಜನದಲ್ಲಿ ಲೀನವಾಗಿ ತಿಮ್ಮಲ, ಕೊನೆಗೆ ಮೊಟಕಾಗಿ ತಿಮ್ಮ. ಇದು ಕೇವಲ ಊಹೆಯಲ್ಲ. ಕನ್ನಡದ ಧ್ವನಿವ್ಯತ್ಯಾಸದ ರಾಜಮಾರ್ಗ. ತಮಿಳಿನ ಎರುಮೈ ಕನ್ನಡದಲ್ಲಿ ಎಮ್ಮೆಯಾಗಿದೆ. ಹಳಗನ್ನಡದ ಕರ್ಪು ಹೊಸಗನ್ನಡದಲ್ಲಿ ಕಪ್ಪಾಗಿದೆ. ಕಡೆಯ ಹಂತದ ಮೊಟಕು ಮನೆಮಾತಿನ ಸಲುಗೆ. ವೆಂಕಟ ವೆಂಕನಾದಂತೆ, ಶ್ರೀನಿವಾಸ ಸೀನನಾದಂತೆ ತಿರುಮಲ ತಿಮ್ಮನಾದ. ಮೂವರೂ ಒಂದೇ ಬೆಟ್ಟದ ದೇವರ ಹೆಸರಿನವರು ಎಂಬುದು ಗಮನಾರ್ಹ.

ಈ ಎರಡು ರೂಪಗಳು ವಿಜಯನಗರದ ಕಾಲಕ್ಕಾಗಲೇ ಅಕ್ಕಪಕ್ಕದಲ್ಲಿದ್ದವು. ಕೃಷ್ಣದೇವರಾಯನ (ಆಳ್ವಿಕೆ 1509-1529) ರಾಣಿ ತಿರುಮಲದೇವಿ. ಮಹಾಪ್ರಧಾನಿ ಸಾಳುವ ತಿಮ್ಮರಸು. ಕುಮಾರವ್ಯಾಸನು ಉಳಿಸಿದ ಭಾರತದ ಪರ್ವಗಳನ್ನು ಕನ್ನಡದಲ್ಲಿ ಪೂರೈಸಿದವನು ತಿಮ್ಮಣ್ಣಕವಿ, ತೆಲುಗಿನಲ್ಲಿ ಪಾರಿಜಾತಾಪಹರಣವನ್ನು ಬರೆದವನು ನಂದಿ ತಿಮ್ಮನ. ಆಗ ತಿಮ್ಮ ಎಂಬುದು ಕೀಳಾದ ಹೆಸರಾಗಿರಲಿಲ್ಲವೆಂಬುದಕ್ಕೆ ಇದಕ್ಕಿಂತ ಹೆಚ್ಚಿನ ಪುರಾವೆ ಬೇಡ. ಕನಕದಾಸರ ಪೂರ್ವದ ಹೆಸರು ತಿಮ್ಮಪ್ಪನಾಯಕ ಎಂದು ಪರಂಪರೆ ಹೇಳುತ್ತದೆ.

ಕ್ರಮೇಣ ಎರಡೂ ರೂಪಗಳ ದಾರಿ ಬೇರೆಯಾಯಿತು. ಚಿಕ್ಕದೇವರಾಜ ಒಡೆಯರ ಮಂತ್ರಿ ತಿರುಮಲಾರ್ಯ, ಕಾದಂಬರಿಗಾರ್ತಿ ನಂಜನಗೂಡು ತಿರುಮಲಾಂಬ (1887-1982) ಮುಂತಾದವರಲ್ಲಿ, ಎಂದರೆ ಓದುಬರಹದ ಮನೆತನಗಳಲ್ಲಿ, ಪೂರ್ಣರೂಪ ಉಳಿಯಿತು. ಸವೆದ ರೂಪ ಹೆಚ್ಚಾಗಿ ಒಕ್ಕಲು ಮಕ್ಕಳಲ್ಲಿ, ದುಡಿಯುವವರಲ್ಲಿ ನೆಲೆಸಿತು. ಕೊಡಗಿನ ಜನರಲ್ ತಿಮ್ಮಯ್ಯ ಅವರಂತಹ ಹೆಸರಾಂತವರಿದ್ದರೂ, ಆಡುಮಾತಿನಲ್ಲಿ ತಿಮ್ಮ ಎಂದರೆ ಪೆದ್ದನೆಂಬ, ಕೋತಿಯೆಂಬ ಅರ್ಥಗಳು ಅಂಟಿಕೊಂಡವು. ಕೋತಿ ಎಂಬರ್ಥವೇ ಮೊದಲಿನದೆಂದು ವಾದಿಸುವುದು ಸರಿಯಾಗಲಾರದು. ಸಾಕಿದ ಪ್ರಾಣಿಗೆ ನೆರೆಮನೆಯವನ ಹೆಸರಿಟ್ಟು ಕರೆಯುವುದು ಲೋಕರೂಢಿ. 1943ರಲ್ಲಿ ಡಿ.ವಿ.ಜಿ. ಅವರು ತಮ್ಮ ಕಗ್ಗದ ಮಾತುಗಳನ್ನು ಮಂಕುತಿಮ್ಮನ ಬಾಯಲ್ಲಿಟ್ಟಾಗ ಈ ಹಾಸ್ಯವನ್ನೇ ಬಳಸಿಕೊಂಡು ಅದನ್ನು ಬುಡಮೇಲು ಮಾಡಿದರು.

ಇಂದು ಬಾಗಲೂರಿನ ಸೀಮೆಯಲ್ಲಿ ಮಗುವಿಗೆ ತಿಮ್ಮನೆಂದು ಹೆಸರಿಡುವವರು ವಿರಳ. ಅಜ್ಜನ ತಿಮ್ಮಯ್ಯ ಮೊಮ್ಮಗನ ಹೆಸರಿನ ಹಿಂದೆ 'ಟಿ.' ಎಂಬ ಒಂದಕ್ಷರವಾಗಿ ನಿಂತಿದ್ದಾನೆ. ಹುಲಿಕಲ್-ಕುದೂರು ದಾರಿಯ ಆಲದ ಸಾಲುಗಳಿಂದ ನಾಡಿಗೆಲ್ಲ ಪರಿಚಿತರಾದ ಸಾಲುಮರದ ತಿಮ್ಮಕ್ಕನವರು 2025ರ ನವೆಂಬರ್‌ನಲ್ಲಿ ನಿಧನರಾದರು. ನಿಯಮದ ಕಾವಲಿರುವ ಚಿಟ್ಟೆಯ ಹೆಸರಿಗೆ ಇಂಥ ಭಯವಿಲ್ಲ; ಭಯವಿರುವುದು ಚಿಟ್ಟೆಗೆ. 2008ರಲ್ಲಿ ದೇವನಹಳ್ಳಿಯ ವಿಮಾನನಿಲ್ದಾಣ ಆರಂಭವಾದ ಮೇಲೆ ಈ ಭಾಗದ ಹೊಲಗಳು ನಿವೇಶನಗಳಾಗುತ್ತಿವೆ. ಏರಿಯ ಬದಿಯ ಚೇಳುಕೊಂಡಿ, ಬೇಲಿಯ ಹಾಲುಬಳ್ಳಿ ಯಾವ ನಕ್ಷೆಯಲ್ಲಿಯೂ ಗುರುತಾಗುವುದಿಲ್ಲ. ಹಾದುಹೋಗುವ ನೀಲಿ ಹುಲಿಗಳು ಇಳಿದು ತಂಗುವುದು ಅಲ್ಲಿಯೇ.