ಹಾಲು ಕುದೀತು, ಕಡ್ಡಿ ಏರಿತು! ಓಣಿ ಓಣಿಯೊಳಗ ಮನಿ ಐಸು: ಕರೆಂಟು ಹೋದರ ಮಾತ್ರ ಹುಷಾರು

ಬೈಲಹೊಂಗಲ: ಏಪ್ರಿಲ್ ಬಂತೆಂದರೆ ನಮ್ಮ ಕಡೆಯ ಬಸ್ ಸ್ಟ್ಯಾಂಡುಗಳಲ್ಲಿ ಎರಡೇ ಧ್ವನಿ. ಒಂದು, ಕಂಡಕ್ಟರನ ‘ಯರಗಟ್ಟಿ, ಯರಗಟ್ಟಿ’. ಇನ್ನೊಂದು, ಹೆಗಲಿಗೆ ಥರ್ಮಾಕೋಲ್ ಡಬ್ಬಿ ತೂಗಹಾಕಿಕೊಂಡ ಹುಡುಗನ ‘ಏ ಐಸ್, ಹಾಲಿನ ಐಸ್!’ ಸವದತ್ತಿ ಬಸ್ಸಿನ ಕಿಟಕಿಯಿಂದ ಕೂಸು ಕೈ ಚಾಚುತ್ತದೆ. ಅವ್ವ ಗದರಿಸುತ್ತಾಳೆ: ‘ಸುಮ್ಮ ಕುಂದ್ರ, ಯಾ ನೀರೋ ಏನೋ!’

ಆ ತಾಯಿಯ ಸಂಶಯ ಸುಳ್ಳಲ್ಲ. ಡಬ್ಬಿಯೊಳಗಿನ ಐಸು ಯಾವ ನೀರಿನದು, ಯಾವ ಬಣ್ಣದ್ದು ಎಂದು ಮಾರುವ ಹುಡುಗನಿಗೂ ಗೊತ್ತಿರುವುದಿಲ್ಲ. ಹಂಗಂತ ನಲವತ್ತು ಡಿಗ್ರಿಯ ಹತ್ತಿರದ ಬಿಸಿಲಿನಲ್ಲಿ ಕೂಸಿಗೆ ತಂಪು ಬೇಡ ಅನ್ನಲಿಕ್ಕೆ ಬರತದೇನು?

ಈ ತಕರಾರಿಗೆ ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗದ ಓಣಿಗಳಲ್ಲಿ ಹೆಣ್ಣುಮಕ್ಕಳೇ ಉತ್ತರ ಕಂಡುಕೊಂಡಾರ. ಮನೆಯ ಫ್ರಿಜ್ಜಿನೊಳಗೇ ಹಾಲಿನ ಐಸು. ಬಾಗಿಲಿಗೆ ರಟ್ಟಿನ ತುಂಡು ಕಟ್ಟಿ ‘ಇಲ್ಲಿ ಐಸು ಸಿಗುತ್ತದೆ’ ಎಂದು ಬರೆದರೆ ಆಯಿತು, ಸಾಲಿ ಸೂಟಿಯ ಹುಡುಗರು ಚಿಲ್ಲರೆ ಹಿಡಿದು ಸಾಲುಗಟ್ಟುತ್ತಾರೆ. ಪ್ಲಾಸ್ಟಿಕ್ ಕೊಳವೆಯಲ್ಲಿ ಶರಬತ್ತು ತುಂಬಿದರೆ ಅದಕ್ಕೆ ಹುಡುಗರು ಇಟ್ಟ ಹೆಸರು ‘ಪೆಪ್ಸಿ’. (ಆ ಹೆಸರಿನ ಕಂಪನಿಗೂ ಇದಕ್ಕೂ ಯಾವ ಸಂಬಂಧವೂ ಇಲ್ಲ, ಕಂಪನಿಯವರು ಸಿಟ್ಟಾಗಬಾರದು.) ಇಲ್ಲಿ ಹೇಳಹೊರಟಿದ್ದು ಶರಬತ್ತಿನ ಐಸಿನ ಸುದ್ದಿಯಲ್ಲ. ಕಸ್ಟರ್ಡ್ ಕಾಸಿ, ಅದನ್ನೇ ಗ್ಲಾಸಿನಲ್ಲಿ ಹೆಪ್ಪುಗಟ್ಟಿಸಿ, ಕಡ್ಡಿ ಚುಚ್ಚಿ ಕೊಡುವ ಪುಡಿಂಗಿನ ಐಸಿನ ಸುದ್ದಿ. ಮಾಡುವುದು ಸರಳ. ಕೆಡುವುದೂ ಅಷ್ಟೇ ಸರಳ!

ಗೋವಿನಜೋಳದ ಕರಾಮತ್ತು

ಬರೀ ಹಾಲಿಗೆ ಸಕ್ಕರೆ ಹಾಕಿ ಫ್ರಿಜ್ಜಿನಲ್ಲಿಟ್ಟು ನೋಡಿದವರಿಗೆ ಗೊತ್ತು, ಅದು ಕಲ್ಲಾಗತೈತಿ. ಹಾಲಿನೊಳಗಿನ ನೀರೆಲ್ಲ ದೊಡ್ಡ ದೊಡ್ಡ ಹರಳಾಗಿ ಕೂಡುತ್ತದೆ. ಚೀಪಿದರೆ ಸಿಹಿಯೆಲ್ಲ ಬಾಯಿಗೆ ಬಂದು ಕೈಯಲ್ಲಿ ಬಿಳಿ ಬರ್ಫ ಉಳಿಯುತ್ತದೆ. ಅದೇ ಹಾಲಿಗೆ ಕಸ್ಟರ್ಡ್ ಪುಡಿ ಬಿದ್ದರೆ ಆಟ ಬೇರೆ. ಪುಡಿಯೊಳಗಿನ ಹಿಟ್ಟು ಕುದಿಯುವಾಗ ಉಬ್ಬಿ ನೀರನ್ನು ಹಿಡಿದುಕೊಳ್ಳುತ್ತದೆ, ಓಡಾಡಲಿಕ್ಕೆ ಬಿಡುವುದಿಲ್ಲ. ಹೀಗಾಗಿ ಹರಳು ಸಣ್ಣ ಸಣ್ಣವೇ ಆಗುತ್ತವೆ, ಐಸು ಬೆಣ್ಣೆಯಂತೆ ಕಚ್ಚಲಿಕ್ಕೆ ಬರುತ್ತದೆ.

ಆ ಹಿಟ್ಟು ಯಾವುದು ಅಂತೀರಿ? ನಮ್ಮ ಗೋವಿನಜೋಳದ್ದೇ! ಸುಗ್ಗಿಯಲ್ಲಿ ಬೈಲಹೊಂಗಲ, ಸವದತ್ತಿಯ ರಸ್ತೆ ಬದಿಗೆ ರಾಶಿ ಹಾಕಿ ಒಣಗಿಸುತ್ತಾರಲ್ಲ, ಅದೇ ಕಾಳಿನ ಪಿಷ್ಟ. ಅದಕ್ಕೆ ಬಣ್ಣ, ವೆನಿಲ್ಲಾ ವಾಸನೆ ಕೂಡಿಸಿ ಡಬ್ಬಿಗೆ ತುಂಬಿದರೆ ಕಸ್ಟರ್ಡ್ ಪುಡಿ.

ಇದನ್ನು ಮೊದಲು ಕಂಡುಹಿಡಿದವನು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನ ಆಲ್ಫ್ರೆಡ್ ಬರ್ಡ್ ಎಂಬ ಔಷಧ ಅಂಗಡಿಕಾರ, 1837ರಲ್ಲಿ. ಆತನ ಹೆಂಡತಿಗೆ ಮೊಟ್ಟೆ ಒಗ್ಗುತ್ತಿರಲಿಲ್ಲ, ಅಸಲಿ ಕಸ್ಟರ್ಡಿಗೆ ಮೊಟ್ಟೆ ಬೇಕೇ ಬೇಕು. ಹೆಂಡತಿಯ ಸಲುವಾಗಿ ಮೊಟ್ಟೆ ಬಿಟ್ಟು ಹಿಟ್ಟು ಹಿಡಿದ. ಆ ಪುಣ್ಯಾತ್ಮನ ಹೆಂಡತಿಯಿಂದಾಗಿ ಮೊಟ್ಟೆಯನ್ನು ಹೊಸ್ತಿಲು ದಾಟಿಸದ ನಮ್ಮ ಮನೆಗಳಿಗೂ ಕಸ್ಟರ್ಡ್ ಬಂತು ನೋಡ್ರಿ.

ಅಮೆರಿಕದವರೂ ಇದೇ ಹಾದಿ ಹಿಡಿದಿದ್ದರು. ಜನರಲ್ ಫುಡ್ಸ್ ಕಂಪನಿ 1970ರ ದಶಕದ ಕೊನೆಯಲ್ಲಿ ‘ಜೆಲ್-ಓ ಪುಡಿಂಗ್ ಪಾಪ್ಸ್’ ಎಂದು ಪುಡಿಂಗನ್ನೇ ಕಡ್ಡಿಗೆ ಏರಿಸಿ ಮಾರಿತು. ಜನ ಮುಗಿಬಿದ್ದು ತಿಂದರು. ಮುಂದೆ ಅಂಗಡಿಗಳಿಂದ ಅದು ಮಾಯವಾಯಿತು. ರುಚಿ ಮರೆಯದವರು ಅಲ್ಲಿಯೂ ಮನೆಯಲ್ಲೇ ಮಾಡಿಕೊಂಡು ತಿನ್ನಹತ್ತಿದರು.

ಮಾಡೂದು ಹೆಂಗ?

ಒಂದು ಲೀಟರ್ ಹಾಲು. ಎಮ್ಮಿ ಹಾಲಾದರೆ ಉತ್ತಮ, ಆಕಳ ಹಾಲಿಗಿಂತ ಅದರಲ್ಲಿ ಕೊಬ್ಬು ಹೆಚ್ಚು, ಕೊಬ್ಬು ಹೆಚ್ಚಿದಷ್ಟೂ ಐಸು ಮೆತ್ತಗೆ. ಅರ್ಧ ವಾಟಿ ತಣ್ಣನ್ನ ಹಾಲು ಬೇರೆ ತೆಗೆದಿಟ್ಟು, ಅದರಲ್ಲಿ ಮೂರು ದೊಡ್ಡ ಚಮಚ ಕಸ್ಟರ್ಡ್ ಪುಡಿ ಗಂಟಿಲ್ಲದಂತೆ ಕಲಸಬೇಕು. ಬಿಸಿ ಹಾಲಿಗೆ ಪುಡಿ ಸುರುವಿದರೆ ಗಂಟು ಗಂಟಾಗಿ ಕೆಲಸ ಕೆಟ್ಟಿತು ಅಂತಲೇ ತಿಳಿಯಿರಿ. ಉಳಿದ ಹಾಲನ್ನು ಕುದಿಸಿ, ಸಣ್ಣ ಉರಿಯ ಮೇಲೆ ಮುಕ್ಕಾಲು ಲೀಟರಿನ ಸುಮಾರಿಗೆ ಇಳಿಸಿ, 150 ಗ್ರಾಂ ಸಕ್ಕರೆ ಹಾಕಿ. ಆಮೇಲೆ ಕಲಸಿದ್ದನ್ನು ಸಣ್ಣಗೆ ಹನಿಸುತ್ತ ಕೈ ಬಿಡದೆ ತಿರುವಬೇಕು. ದಪ್ಪ ಆಯಿತೆಂದು ಕೂಡಲೇ ಇಳಿಸಬಾರದು. ಮೂರು-ನಾಲ್ಕು ನಿಮಿಷ ಕುದಿಯಲಿ. ಇಲ್ಲದಿದ್ದರೆ ಹಸಿ ಹಿಟ್ಟಿನ ರುಚಿ ಹೋಗುವುದಿಲ್ಲ.

ಸಕ್ಕರೆಯ ಲೆಕ್ಕ ತಪ್ಪಬಾರದು. ಸಿಹಿ ಹೆಚ್ಚಾದಷ್ಟೂ ಹೆಪ್ಪುಗಟ್ಟಲಿಕ್ಕೆ ಹೆಚ್ಚು ತಂಪು ಬೇಕು. ಹಳೇ ಫ್ರಿಜ್ಜಿನ ಮೇಲಿನ ಸಣ್ಣ ಖಾನೆಗೆ ಅಷ್ಟು ಶಕ್ತಿ ಇರುವುದಿಲ್ಲ, ಸಂಜೆತನಕ ಇಟ್ಟರೂ ಗಂಜಿಯೇ. ಕಡಿಮೆ ಹಾಕಿದರೆ ಮತ್ತೆ ಕಲ್ಲು. ಬಾಯಿಗೆ ಬಿಸಿಯಿದ್ದಾಗ ತುಸು ಹೆಚ್ಚೇ ಸಿಹಿ ಅನಿಸಬೇಕು, ತಂಪಾದ ಮೇಲೆ ನಾಲಿಗೆಗೆ ಸಿಹಿ ಕಡಿಮೆ ತಿಳಿಯುತ್ತದೆ.

ಬೆಲ್ಲ ಹಾಕುವವರು ಹಾಲು ತಣ್ಣಗಾದ ಮೇಲೆಯೇ ಹಾಕಬೇಕು, ಕುದಿಯುವಾಗ ಹಾಕಿದರೆ ಒಡೆಯುವ ಭೀತಿ. ಮಾವಿನ ಹಣ್ಣಿಗೂ ಅದೇ ಮಾತು. ಧಾರವಾಡ ಸೆರಗಿನ ಆಪೂಸು ಪ್ಯಾಟಿಗೆ ಬಂದ ದಿನಗಳಲ್ಲಿ ಎರಡು ಹಣ್ಣಿನ ರಸ ಇದಕ್ಕೆ ಬಿದ್ದರೆ, ಯಪ್ಪಾ, ಹೇಳಲಿಕ್ಕೇ ಬರೂದಿಲ್ಲ! ಬೆಳಗಾವಿಗೆ ಹೋದವರು ಕುಂದಾ ತಂದಿದ್ದರೆ ನಾಲ್ಕು ಚಮಚ ಬಿಸಿ ಹಾಲಿನಲ್ಲಿ ಕರಗಿಸಿ ನೋಡಲಿ. ಕುಂದಾ ಅಂದರೆ ಮೊದಲೇ ಹಾಲು ಇಂಗಿಸಿದ ಪದಾರ್ಥ, ಕುಲ್ಫಿಯ ಅರ್ಧ ಕೆಲಸ ಅಲ್ಲೇ ಮುಗಿದಿರುತ್ತದೆ. ಆಗ ಸಕ್ಕರೆ ಕಡಿಮೆ ಮಾಡಬೇಕು.

ಶಾವಿಗಿ ಪಾಯಸ, ಸಾಬೂದಾಣಿ ಪಾಯಸವನ್ನೂ ಹೀಗೆ ಹೆಪ್ಪುಗಟ್ಟಿಸಬಹುದು, ತೆಳ್ಳಗೆ ಮಾಡಿದ್ದರೆ. ಗೋದಿ ಹುಗ್ಗಿ ಮಾತ್ರ ಬ್ಯಾಡ. ತಂಪಿನಲ್ಲಿ ಕಾಳು ಬಿರುಸಾಗಿ ಗುಂಡಿನಂತಾಗುತ್ತದೆ, ಅಜ್ಜನ ಹಲ್ಲಿಗೆ ಸಂಚಕಾರ.

ಇಳಿಸಿದ ಪಾತೇಲಿಯನ್ನು ತಣ್ಣೀರಿನ ಬುಟ್ಟಿಯಲ್ಲಿಟ್ಟು ತಿರುವುತ್ತ ಆರಿಸಿ, ಸ್ಟೀಲಿನ ಸಣ್ಣ ಗ್ಲಾಸುಗಳಿಗೆ ಹಾಕಿ ಮುಚ್ಚಿಡಿ. ತಾಸು, ಒಂದೂವರೆ ತಾಸಿಗೆ ಅರೆಗಟ್ಟಿ ಆದಾಗ ಕಡ್ಡಿ ಚುಚ್ಚಬೇಕು, ಮೊದಲೇ ಚುಚ್ಚಿದರೆ ವಾಲುತ್ತದೆ. ಆರರಿಂದ ಎಂಟು ತಾಸಿಗೆ ತಯಾರು. ಗ್ಲಾಸನ್ನು ಕ್ಷಣ ನೀರಿನಲ್ಲಿ ಅದ್ದಿದರೆ ಐಸು ತಾನೇ ಬಿಡುತ್ತದೆ. ಒಂದು ಲೀಟರಿಗೆ ಹನ್ನೆರಡು, ಹದಿಮೂರು ಐಸು ಏಳುತ್ತವೆ. ಹಾಲು, ಸಕ್ಕರೆ, ಪುಡಿ, ಗ್ಯಾಸಿನ ಖರ್ಚು ಕೂಡಿಸಿ ಹದಿಮೂರರಿಂದ ಭಾಗಿಸಿರಿ, ಅಂಗಡಿಯ ದರದ ಪಕ್ಕ ಇಟ್ಟು ನೋಡಿರಿ. ಲೆಕ್ಕ ಅಂಗಡಿಕಾರ ಬಂಧುಗಳಿಗೆ ನಾವು ಕಲಿಸಬೇಕಾಗಿಲ್ಲ.

ಕಡ್ಡಿ ಕಟ್ಟಿಗೆಯದೋ ಬಿದಿರಿನದೋ ಇರಲಿ. ಪ್ಲಾಸ್ಟಿಕ್ ಐಸ್‌ಕ್ರೀಂ ಕಡ್ಡಿಗೆ 2022ರ ಜುಲೈ 1ರಿಂದ ದೇಶದಲ್ಲೇ ಬಂದಿ.

ಫ್ರಿಜ್ ಇಲ್ಲದವರಿಗೆ?

ಹಳೇ ಸಂಚಾ ಇದೆಯಲ್ಲ! ನಡುವೆ ಡಬ್ಬಿ, ಸುತ್ತ ಬರ್ಫ, ಬರ್ಫಕ್ಕೆ ಹರಳುಪ್ಪು, ಮೇಲೆ ತಿರುವುವ ಹಿಡಿಕೆ. 1843ರಲ್ಲಿ ಅಮೆರಿಕದ ನ್ಯಾನ್ಸಿ ಜಾನ್ಸನ್ ಎಂಬ ಹೆಣ್ಣುಮಗಳು ಪೇಟೆಂಟ್ ಪಡೆದ ಯಂತ್ರದ ಜಾತಿಯೇ ಇದು. ಉಪ್ಪು ಬರ್ಫವನ್ನು ಕರಗಿಸುತ್ತದೆ, ಕರಗುವ ಬರ್ಫ ಸುತ್ತಲಿನ ಶಾಖ ಎಳೆದುಕೊಳ್ಳುತ್ತದೆ. ಮೂರು ಪಾಲು ಬರ್ಫಕ್ಕೆ ಒಂದು ಪಾಲು ಉಪ್ಪು ಬಿದ್ದರೆ ಸೊನ್ನೆಗಿಂತ ಬಹಳ ಕೆಳಗೆ, 20 ಡಿಗ್ರಿಯ ಹತ್ತಿರದವರೆಗೂ ಇಳಿದೀತು. ತೋಳಿನ ಬಲ ಬೇಕು, ಅಷ್ಟೇ.

ಆದರೆ ಕಾರ್ಖಾನೆಯ ಬರ್ಫದ ಗಡ್ಡೆ ಡಬ್ಬಿಯ ಹೊರಗೇ ಇರಲಿ, ಒಳಗೆ ಹನಿಯೂ ಸೇರಬಾರದು. ಮೀನು, ಹಾಲಿನ ಕ್ಯಾನು ತಂಪಿಡಲಿಕ್ಕೆ ಮಾಡಿದ ಬರ್ಫ ಕುಡಿಯುವ ನೀರಿನದೇ ಆಗಿರಬೇಕೆಂದಿಲ್ಲ. ಪಕ್ಕದ ಮಹಾರಾಷ್ಟ್ರದಲ್ಲಿ 2018ರಲ್ಲಿ ತಿನ್ನುವ ಬರ್ಫ ಬೇರೆ, ತಿನ್ನಬಾರದ್ದು ಬೇರೆ ಎಂದು ಗುರುತು ಸಿಗಲೆಂದು ಎರಡನೆಯದಕ್ಕೆ ನೀಲಿ ಬಣ್ಣ ಹಾಕಲು ಆಜ್ಞೆ ಆಯಿತು.

ಕರೆಂಟು ಹೋತು, ಐಸು ಕರಗಿತು, ಮುಂದೆ?

ಖರೇ ಗಂಡಾಂತರ ಇರುವುದು ಇಲ್ಲೇ. ಬೇಸಿಗೆಯಲ್ಲಿ ಕರೆಂಟು ಹೋಗುವುದು ನಮಗೆ ಹೊಸದಲ್ಲ. ಮಧ್ಯಾಹ್ನ ಹೋಗಿ ಸಂಜೆ ಬಂದರೆ ಐಸು ಕರಗಿ ನೀರಾಗಿ, ಮತ್ತೆ ಗಟ್ಟಿಯಾಗಿ ಕೂತಿರುತ್ತದೆ. ನೋಡಲಿಕ್ಕೆ ಮೊದಲಿನಂಗ. ಒಳಗೆ? ಹಾಲು, ಸಕ್ಕರೆ, ಹಿಟ್ಟು ಮೂರೂ ಕೂಡಿದ ಪದಾರ್ಥ ಜಂತುಗಳಿಗೆ ಮದುವೆ ಊಟ. ಉಗುರುಬೆಚ್ಚಗೆ ಎರಡು ತಾಸು ಬಿದ್ದರೆ ಸಾಕು, ಬೆಳೆಯತೊಡಗುತ್ತವೆ. ತಿರುಗಿ ಹೆಪ್ಪುಗಟ್ಟಿಸಿದರೆ ಅವು ಸಾಯುವುದಿಲ್ಲ, ಮಲಗುತ್ತವೆ. ಕೂಸಿನ ಹೊಟ್ಟೆಯಲ್ಲಿ ಏಳುತ್ತವೆ. ‘ಮತ್ತೊಮ್ಮೆ ಕುದಿಸಿದರಾತು’ ಎನ್ನುವ ಅಕ್ಕಂದಿರಿಗೆ ಒಂದು ಮಾತು: ಕೆಲವು ಜಂತು ಬಿಟ್ಟ ವಿಷ ಕುದಿಸಿದರೂ ಹೋಗುವುದಿಲ್ಲ. ಚೆಲ್ಲುವುದೇ ದಾರಿ. ಹನ್ನೆರಡು ಐಸಿನ ದುಡ್ಡು ಹೋದೀತು, ದವಾಖಾನೆ ಚೀಟಿಗಿಂತ ಕಡಿಮೆಯೇ.

ನೀವು ಊರಿಗೆ ಹೋದಾಗ ಕರೆಂಟು ಎಷ್ಟು ಹೊತ್ತು ಹೋಗಿತ್ತು ಅಂತ ತಿಳಿಯುವುದು ಹೇಗೆ? ಅಗ್ಗದ ಉಪಾಯ ಒಂದಿದೆ. ಒಂದು ವಾಟಿ ನೀರನ್ನು ಹೆಪ್ಪುಗಟ್ಟಿಸಿ, ಮೇಲೆ ಒಂದು ರೂಪಾಯಿ ನಾಣ್ಯ ಇಟ್ಟುಬಿಡಿ. ಬಂದು ನೋಡಿದಾಗ ನಾಣ್ಯ ಮೇಲೇ ಇದ್ದರೆ ಚಿಂತೆ ಇಲ್ಲ. ತಳ ಸೇರಿದ್ದರೆ ಬರ್ಫ ಪೂರಾ ಕರಗಿ ಮತ್ತೆ ಕೂಡಿತ್ತು ಅಂತ ಅರ್ಥ. ಒಂದು ರೂಪಾಯಿಯ ಕಾವಲುಗಾರ, ಪಗಾರ ಕೇಳೂದಿಲ್ಲ!

ಕರೆಂಟು ಹೋದಾಗ ಫ್ರಿಜ್ಜಿನ ಬಾಗಿಲು ತೆಗೆಯದಿರುವುದೂ ಒಂದು ಉಪಾಯವೇ. ಹುಡುಗರು ಹತ್ತು ಸಲ ತೆಗೆದು ‘ಕರಗೈತೇನಬೇ’ ಅಂತ ನೋಡುತ್ತಾರೆ, ಅದರಿಂದಲೇ ಕರಗುತ್ತದೆ.

ಮಾರುವವರಿಗೆ ಎರಡು ಮಾತು

ಮನೆಮಂದಿಗೆ ಮಾಡಿದರೆ ಯಾರ ಅಪ್ಪಣೆಯೂ ಬೇಡ. ರಟ್ಟು ತೂಗಹಾಕಿದರೆ ಅದು ವ್ಯಾಪಾರ, 2006ರ ಆಹಾರ ಸುರಕ್ಷತೆ ಕಾಯ್ದೆಯೊಳಗೆ ಬಂತು. 2011ರ ನಿಯಮ ಸಣ್ಣ ವ್ಯಾಪಾರಿಗಳಿಗೆ ದೊಡ್ಡ ಲೈಸೆನ್ಸ್ ಕೇಳಲಿಲ್ಲ, ನೋಂದಣಿ ಸಾಕೆಂದಿತು, ಫೀಯನ್ನು ವರ್ಷಕ್ಕೆ 100 ರೂಪಾಯಿ ಎಂದು ಇಟ್ಟಿತು. ಇಷ್ಟಾದರೂ ಓಣಿಯ ಐಸಿನವರಲ್ಲಿ ಎಷ್ಟು ಮಂದಿಗೆ ಈ ಸುದ್ದಿ ಮುಟ್ಟಿದೆ? ಮುಟ್ಟಿಸುವ ಕೆಲಸ ಸಂಬಂಧಪಟ್ಟ ಅಧಿಕಾರಿಗಳದ್ದು. ಬೇಸಿಗೆ ಮುಂಚೆ ನಾಲ್ಕೂ ಊರಿಗೆ ಒಂದೊಂದು ದಿನ ಬಂದು, ಸ್ತ್ರೀಶಕ್ತಿ ಸಂಘದವರನ್ನು ಕೂಡಿಸಿ ತಿಳಿಸಿ ಹೇಳಿದರೆ ಅವರ ಗಂಟೇನೂ ಹೋಗುವುದಿಲ್ಲ.

ಬಣ್ಣದ ಆಸೆ ಬೇಡ. ರೋಡಮೈನ್-ಬಿ ಎಂಬ ಬಟ್ಟೆ ಬಣ್ಣ ಸಿಕ್ಕಿತೆಂದು 2024ರ ಮಾರ್ಚ್‌ನಲ್ಲಿ ರಾಜ್ಯ ಸರಕಾರ ಬೊಂಬಾಯಿ ಮಿಠಾಯಿಗೆ ಬಣ್ಣ ಹಾಕುವುದನ್ನೇ ನಿಷೇಧಿಸಿದ್ದು ನೆನಪಿರಲಿ. ಕೆಂಪು ಬೇಕೆಂದರೆ ಬೀಟ್‌ರೂಟ್ ಇದೆ, ಹಳದಿಗೆ ಮಾವು ಇದೆ.

ಅಂಗಡಿಯ ಪಾಕೀಟಿನ ಐಸು ಕೊಳ್ಳುವವರು ಹೆಸರನ್ನಷ್ಟು ಓದಿರಿ. ‘ಐಸ್‌ಕ್ರೀಂ’ ಎಂದು ಬರೆಯಬೇಕಾದರೆ ಅದರಲ್ಲಿ ನೂರಕ್ಕೆ ಹತ್ತರಷ್ಟಾದರೂ ಹಾಲಿನ ಕೊಬ್ಬು ಇರಬೇಕು. ‘ಫ್ರೋಜನ್ ಡೆಸರ್ಟ್’ ಎಂದಿದ್ದರೆ ಹಾಲಿನ ಕೊಬ್ಬಿನ ಬದಲು ಎಣ್ಣೆಯ ಕೊಬ್ಬು. ಇದರ ಮೇಲಿನ ಜಾಹೀರಾತಿನ ಜಗಳ 2017ರಲ್ಲಿ ಅಮೂಲ್ ಮತ್ತು ಹಿಂದುಸ್ತಾನ್ ಯೂನಿಲಿವರ್ ನಡುವೆ ಮುಂಬೈ ಹೈಕೋರ್ಟಿನವರೆಗೂ ಹೋಗಿತ್ತು. ಎಣ್ಣೆಯದು ವಿಷವೇನಲ್ಲ, ಆದರೆ ಹಾಲಿನ ದುಡ್ಡು ಕೊಟ್ಟವನಿಗೆ ಹಾಲು ಬೇಕು. ಓಣಿಯ ಅಕ್ಕನ ಐಸು ಗೆಲ್ಲುವುದು ಈ ಒಂದು ಕಾರಣಕ್ಕೇ. ಹಾಲು ಕಾಸಿದ್ದು ಎದುರಿಗೇ ಕಾಣುತ್ತದೆ.

ಎಲ್ಲಮ್ಮನ ಗುಡ್ಡದ ಭಾರತ ಹುಣ್ಣಿಮೆ ಮುಗಿಯುವ ಹೊತ್ತಿಗೆ ಸುರುವಾಗುವ ಈ ಧಂದೆ ಮಿರಗದ ಮಳಿ ಬಿದ್ದ ದಿನ ನಿಲ್ಲುತ್ತದೆ. ಬಾಗಿಲಿನ ರಟ್ಟು ತೊಯ್ದು ಅಕ್ಷರ ಇಳಿಯುತ್ತವೆ, ಗ್ಲಾಸುಗಳು ಚಹಾದ ಕೆಲಸಕ್ಕೆ ವಾಪಸ್, ಫ್ರಿಜ್ಜಿನಲ್ಲಿ ಮತ್ತೆ ಮೊಸರಿನ ಪಾತೇಲಿ, ಬದನೆಕಾಯಿ. ಅಲ್ಲಿಯತನಕ ಹುಡುಗರ ಸರತಿ ನಡೆದಿರಲಿ.